ಹಾಡಿನ ಒಡತಿ

ಬಹಳ ಹಿಂದೆ, ಫ್ರಾನ್ಸ್ ದೇಶದ ದಕ್ಷಿಣ ಸೀಮೆಯಲ್ಲಿ ಹೆಂಗಸರೂ ಹಾಡು ಕಟ್ಟುತ್ತಿದ್ದರು. ಆ ಸೀಮೆಯ ಮಾತಿನಲ್ಲಿ ಅಂಥವಳನ್ನು ಟ್ರೊಬೈರಿಟ್ಸ್ ಎನ್ನುತ್ತಿದ್ದರು. ಹುಡುಕಿ ಕಂಡುಕೊಂಡವಳು ಎಂದು ಅದರ ಅರ್ಥ.

ಎಲಿಸೆಂದಾ ಅಂಥವಳೊಬ್ಬಳು. ಕೋಟೆಯೊಂದರ ಒಡೆಯನ ಹೆಂಡತಿ. ಅವಳು ಹಾಡಿದರೆ ಊಟಕ್ಕೆ ಕೂತವರು ಕೈಯಲ್ಲಿದ್ದ ತುತ್ತನ್ನು ಹಾಗೇ ಹಿಡಿದುಕೊಂಡು ಕೇಳುತ್ತಿದ್ದರಂತೆ.

ಆಮೇಲೆ ಉತ್ತರದಿಂದ ದಂಡು ಬಂತು. ಅವಳ ಗಂಡ ಕೋಟೆಯ ಬಾಗಿಲಲ್ಲೇ ಸತ್ತ. ಉತ್ತರದ ದೊರೆಯೊಬ್ಬ ಆ ಕೋಟೆಯಲ್ಲಿ ಬಂದು ಕೂತ.

ಆಗಲೇ ಕೂದಲು ನರೆತಿದ್ದ ಎಲಿಸೆಂದಾ ನದಿಯ ದಂಡೆಗೆ ಇಳಿದು ಬಂದಳು. ಅಲ್ಲೊಂದು ಪಾಳುಬಿದ್ದ ಹಿಟ್ಟಿನ ಗಿರಣಿ ಇತ್ತು. ಅದರಲ್ಲಿ ವಾಸ ಮಾಡಿದಳು. ಅಲ್ಲಿಂದ ಕೋಟೆ ಕಾಣುತ್ತಿತ್ತು. ಅವಳು ಆ ಕಡೆಯ ಕಿಟಕಿಯನ್ನು ತೆರೆಯುತ್ತಿರಲಿಲ್ಲ.

ಹಾಡು ಕಲಿಯಲು ಮೊದಮೊದಲು ಕೆಲವು ಹುಡುಗಿಯರು ಬಂದರು. ದಕ್ಷಿಣದ ಹಾಡು ಹಾಡುವವರನ್ನು ಹೊಸ ದೊರೆಯ ಆಳುಗಳು ಅನುಮಾನದಿಂದ ನೋಡತೊಡಗಿದ ಮೇಲೆ ಒಬ್ಬೊಬ್ಬರಾಗಿ ನಿಂತುಹೋದರು. ಕೊನೆಗೆ ಉಳಿದವಳು ಸೌರಾ ಒಬ್ಬಳೇ.

ಸೌರಾ ನೇಕಾರರ ಮನೆಯ ಹುಡುಗಿ. ತಂದೆ ತಾಯಿ ಇಬ್ಬರೂ ಯುದ್ಧದ ವರ್ಷ ತೀರಿಕೊಂಡಿದ್ದರು. ಇದ್ದವನು ಅಣ್ಣ ಐಮೆರಿ ಮಾತ್ರ. ಅವನು ತಂತಿವಾದ್ಯ ಹಿಡಿದು ಊರೂರು ಸುತ್ತಿ ಹಾಡಿ ಹೊಟ್ಟೆ ಹೊರೆಯುತ್ತಿದ್ದ.

ಒಂದು ದಿನ ಸೌರಾ ತಾನು ಕಟ್ಟಿದ ಮೊದಲ ಹಾಡನ್ನು ಗುರುವಿನ ಮುಂದೆ ಹಾಡಿದಳು. ಅದರಲ್ಲಿ ಚಂದದ ಹೆಂಗಸೊಬ್ಬಳಿದ್ದಳು. ಅವಳ ಕೈ ಹಿಮದಷ್ಟು ಬಿಳುಪು. ಮನಸ್ಸೂ ಹಿಮದಷ್ಟೇ ತಣ್ಣಗೆ. ಅವಳಿಗಾಗಿ ಒಬ್ಬ ಸರದಾರ ಕೊರಗಿ ಸಾಯುತ್ತಿದ್ದ.

ಎಲಿಸೆಂದಾ ಕೇಳಿದಳು: "ಇದರಲ್ಲಿ ಮಾತಾಡುತ್ತಿರುವವರು ಯಾರು?"

"ಆ ಸರದಾರ."

"ನೀನೆಲ್ಲಿದ್ದೀಯ?"

"ಅವನು ಹೊಗಳುತ್ತಿದ್ದಾನಲ್ಲ, ಆ ಹೆಂಗಸು ನಾನೇ ಇರಬೇಕು, ಅಮ್ಮಾ."

"ಅವಳೇನು ಹೇಳುತ್ತಾಳೆ?"

"ಅವಳು ಮಾತಾಡುವುದಿಲ್ಲ. ಇಂಥ ಹಾಡುಗಳಲ್ಲಿ ಹೆಂಗಸು ಮಾತಾಡುವುದಿಲ್ಲವಲ್ಲ."

ಎಲಿಸೆಂದಾ ಎದ್ದು ಬಂದು ತನ್ನ ಅಂಗೈಯಿಂದ ಸೌರಾಳ ಬಾಯಿಯನ್ನು ಗಟ್ಟಿಯಾಗಿ ಮುಚ್ಚಿದಳು.

"ಈಗ ಹಾಡು," ಎಂದಳು.

ಸೌರಾ ಉಸಿರುಕಟ್ಟಿ ಒದ್ದಾಡಿದಳು. ಕೈ ತೆಗೆದಾಗ ಅವಳ ಕಣ್ಣಲ್ಲಿ ನೀರಿತ್ತು. ಗುರು ತನ್ನ ಜಾಗಕ್ಕೆ ಹೋಗಿ ಕೂತು ನೂಲುವ ಕೆಲಸ ಮುಂದುವರಿಸಿದಳು. ಆ ಹಾಡಿನ ಮಾತನ್ನು ಮತ್ತೆ ಇಬ್ಬರೂ ಎತ್ತಲಿಲ್ಲ.

ಆ ಚಳಿಗಾಲವೆಲ್ಲ ಸೌರಾ ಏನನ್ನೂ ಕಟ್ಟಲಿಲ್ಲ. ಗುರುವಿನ ಮನೆಗೆ ನೀರು ಸೇದುತ್ತಿದ್ದಳು, ಸೌದೆ ಒಡೆಯುತ್ತಿದ್ದಳು. ಹಳೆಯ ಹಾಡುಗಳನ್ನು ಬಾಯಿಪಾಠ ಮಾಡುತ್ತಿದ್ದಳು. ಗುರುವಿನ ಮುಖವನ್ನು ನೋಡುತ್ತಿದ್ದಳು. ಆ ಮುಚ್ಚಿದ ಕಿಟಕಿಯನ್ನೂ ನೋಡುತ್ತಿದ್ದಳು.

ಹಿಮ ಕರಗುವ ಹೊತ್ತಿಗೆ ಇನ್ನೊಂದು ಹಾಡು ತಂದಳು.

"ಇದರಲ್ಲಿ ಯಾರು ಮಾತಾಡುತ್ತಾರೆ?" ಎಂದು ಗುರು ಕೇಳಿದಳು.

"ಒಬ್ಬ ವಿಧವೆ," ಎಂದು ಸೌರಾ ಹಾಡತೊಡಗಿದಳು.

*ನನ್ನ ತೋಟದ ದ್ರಾಕ್ಷಿ ತಿಂದೆ, ನನ್ನ ಬಾವಿಯ ನೀರು ಕುಡಿದೆ,*
*ನನ್ನ ಗಂಡನ ಪೀಠದಿ ಕೂತು 'ಯಾರೇ ನೀನು?' ಎಂದು ನುಡಿದೆ.*
*ಹೊಸಿಲು ದಾಟಿ ಬಂದ ಅತಿಥಿ, ಕೇಳಿದೆಯಲ್ಲ, ನಾನೇ ಒಡತಿ,*
*ನೀನು ಎದ್ದು ಹೋದ ಮೇಲೆ ಗುಡಿಸಲೆಂದೇ ಕಾದು ನಿಂತೆ.*

ಇನ್ನೂ ಹಲವು ನುಡಿಗಳಿದ್ದವು. ಎಲಿಸೆಂದಾ ಕೊನೆಯವರೆಗೂ ಕೇಳಿದಳು. ಅವಳ ಕೈಯಲ್ಲಿದ್ದ ನೂಲು ನೆಲಕ್ಕೆ ಬಿದ್ದು ಉರುಳಿಹೋಗಿತ್ತು.

"ನಮ್ಮ ಬಾವಿ ನಿನಗೆ ಹೇಗೆ ಗೊತ್ತು?" ಎಂದು ಕೇಳಿದಳು.

"ಗೊತ್ತಿಲ್ಲ ಅಮ್ಮಾ. ಇರಬೇಕು ಅಂದುಕೊಂಡೆ."

ಎಲಿಸೆಂದಾ ಹೊರಗೆ ಹೋಗಿ ಕತ್ತಲಾಗುವವರೆಗೂ ನದಿಯ ಹತ್ತಿರ ನಿಂತಿದ್ದಳು.

ಸೌರಾ ಆ ಹಾಡನ್ನು ಅಣ್ಣನಿಗೆ ಕಲಿಸಿದಳು. ಹೆಂಗಸು ಸಂತೆಯಲ್ಲಿ ನಿಂತು ಹಾಡುವಂತಿರಲಿಲ್ಲ. ಐಮೆರಿ ಹಾಡಿದ. ಅವನದು ಜೇನಿನಂಥ ಕಂಠ. ವಿಧವೆಯ ಮಾತು ಬರುವಲ್ಲಿ ತಲೆಯ ಮೇಲೆ ಒಂದು ಬಟ್ಟೆ ಹೊದ್ದು ಹಾಡುತ್ತಿದ್ದ. ಜನ ಮೊದಲು ನಗುತ್ತಿದ್ದರು, ಆಮೇಲೆ ಅಳುತ್ತಿದ್ದರು. ಬೇಸಿಗೆ ಮುಗಿಯುವ ಹೊತ್ತಿಗೆ ಸೀಮೆಯೆಲ್ಲ ಆ ಹಾಡಾಯಿತು. ಬಟ್ಟೆ ಒಗೆಯುವವರು, ದ್ರಾಕ್ಷಿ ಬಿಡಿಸುವವರು ಎಲ್ಲರ ಬಾಯಲ್ಲೂ ಅದೇ.

ಎಲ್ಲರೂ ಅದನ್ನು ಐಮೆರಿಯ ಹಾಡು ಎನ್ನುತ್ತಿದ್ದರು.

ಅವನು ಇಲ್ಲ ಎನ್ನುತ್ತಿರಲಿಲ್ಲ.

ಸೌರಾ ಗುರುವಿನ ಹತ್ತಿರ ಬಂದು ಅಳುಮೋರೆ ಮಾಡಿಕೊಂಡು ಕೂತಳು.

"ಇದು ನನ್ನ ತಂಗಿ ಕಟ್ಟಿದ್ದು ಅಂತ ಒಂದು ಮಾತು ಹೇಳು ಅಂದೆ. ಹೇಳಿದರೆ ಜನ ನಗುತ್ತಾರೆ ಅಂತಾನೆ. ಹಾಡು ಹಾಡಿದವನದ್ದೇ ಅಲ್ಲವಾ ಅಂತಾನೆ. ನನ್ನ ಹೊಟ್ಟೆಯಲ್ಲಿ ಹುಟ್ಟಿದ್ದನ್ನು ಊರವರೆಲ್ಲ ಅವನ ಮಗು ಅಂತ ಮುದ್ದಾಡುತ್ತಿದ್ದಾರೆ, ಅಮ್ಮಾ."

"ಮಗು ಚೆನ್ನಾಗಿದೆಯಲ್ಲ?"

"ನನಗೆ ನನ್ನ ಹೆಸರು ಬೇಕು."

"ಹೆಸರು ಒಂಟಿಯಾಗಿ ಬರುವುದಿಲ್ಲ ಮಗಳೇ," ಎಂದಳು ಎಲಿಸೆಂದಾ. "ಜೊತೆಗೆ ಯಾರನ್ನಾದರೂ ಕರೆದುಕೊಂಡೇ ಬರುತ್ತದೆ."

ಸೌರಾಳಿಗೆ ಅದು ಅರ್ಥವಾಗಲಿಲ್ಲ. ಸಿಟ್ಟಿನಿಂದ ಮನೆಗೆ ಹೋಗಿ ಅಣ್ಣನ ಜೊತೆ ಜಗಳವಾಡಿದಳು. ನೀನು ಕಳ್ಳ ಎಂದಳು. ಅವನು ಊಟ ಬಿಟ್ಟು ಎದ್ದು ಹೋದ.

ಮಾರನೆಯ ದಿನ ಸಂತೆಯಲ್ಲಿ ದೊರೆಯ ಆಳುಗಳು ಅವನನ್ನು ಹಿಡಿದರು.

ನೋಡಿದವರು ಓಡಿ ಬಂದು ಸೌರಾಳಿಗೆ ಹೇಳಿದರು. ಆಳುಗಳು ಅವನ ವಾದ್ಯವನ್ನು ಒಡೆದು ಹಾಕಿದರಂತೆ. ಪೀಠದ ಮೇಲೆ ಕೂತ ಅತಿಥಿ ಎಂದರೆ ಯಾರು ಎಂದು ಕೇಳಿದರಂತೆ. ಅವನು ಸುಮ್ಮನಿದ್ದನಂತೆ. ಆಮೇಲೆ, ಈ ಹಾಡು ಕಟ್ಟಿದವರು ಯಾರು ಹೇಳು, ನಿನ್ನನ್ನು ಬಿಟ್ಟುಬಿಡುತ್ತೇವೆ ಎಂದರಂತೆ.

"ಅವನೇನು ಹೇಳಿದ?"

"ನಾನೇ ಕಟ್ಟಿದ್ದು ಅಂದ."

ಸೌರಾ ಗಿರಣಿಮನೆಗೆ ಓಡಿದಳು. ಹೊಸಿಲಲ್ಲೇ ಕುಸಿದಳು.

"ಅಮ್ಮಾ, ಅಣ್ಣನನ್ನು ನೇಣಿಗೆ ಹಾಕುತ್ತಾರಂತೆ. ನಾನೇನು ಮಾಡಲಿ?"

"ಹಾಡು ಯಾರದು?"

"ನನ್ನದು."

"ಇದನ್ನು ನನಗೆ ಹೇಳಿ ಏನು ಪ್ರಯೋಜನ?"

ಸೌರಾ ಎದ್ದಳು. ಕೋಟೆಯ ದಾರಿ ಹಿಡಿದಳು.

ದೊರೆ ಊಟಕ್ಕೆ ಕೂತಿದ್ದ. ಕೆಂಪು ಮುಖದ, ದಪ್ಪ ಕುತ್ತಿಗೆಯ ಆಸಾಮಿ. ಪಕ್ಕದಲ್ಲಿ ದೊರೆಸಾನಿ. ಉತ್ತರದಿಂದ ಮದುವೆಯಾಗಿ ಬಂದವಳು, ಇನ್ನೂ ಚಿಕ್ಕ ವಯಸ್ಸು. ತಟ್ಟೆಯಲ್ಲಿದ್ದುದನ್ನು ಮುಟ್ಟದೆ ಕೂತಿದ್ದಳು. ಇಬ್ಬರಿಗೂ ದಕ್ಷಿಣದ ಮಾತು ಬಾರದು. ಒಬ್ಬ ಪಾದ್ರಿ ನಡುವೆ ನಿಂತು ತಿಳಿಸಿ ಹೇಳುತ್ತಿದ್ದ.

"ಆ ಹಾಡು ಕಟ್ಟಿದವಳು ನಾನು," ಎಂದಳು ಸೌರಾ. "ನನ್ನ ಅಣ್ಣ ಬರೀ ಹಾಡಿದ. ಅವನನ್ನು ಬಿಟ್ಟು ನನ್ನನ್ನು ಹಿಡಿಯಿರಿ."

ಪಾದ್ರಿ ಅದನ್ನು ಹೇಳಿದ. ದೊರೆ ಜೋರಾಗಿ ನಕ್ಕ. ಸುತ್ತ ಕೂತವರೂ ನಕ್ಕರು.

"ನೀನು ಕಟ್ಟಿದವಳಾದರೆ ಇನ್ನೊಂದು ಕಟ್ಟು. ಇಲ್ಲೇ, ಈಗಲೇ."

ಸೌರಾ ಸುತ್ತ ನೋಡಿದಳು. ದೊರೆಸಾನಿಯ ಮುಖದ ಮೇಲೆ ಕಣ್ಣು ನಿಂತಿತು. ಅಲ್ಲಿಂದಲೇ ಮಾತು ಬಂತು.

*ಊಟ ಬಡಿಸುವರುಂಟು, ಉಂಡೆಯಾ ಎಂಬವರಿಲ್ಲ;*
*ಮಾತಾಡುವರುಂಟು ಸುತ್ತ, ಮಾತು ಒಂದೂ ನನ್ನದಲ್ಲ...*

ಅವಳು ಹಾಡುತ್ತಾ ಹೋದಂತೆ ಊಟದ ಸದ್ದು ನಿಂತಿತು. ಪಾದ್ರಿ ಮೆಲುದನಿಯಲ್ಲಿ ಅರ್ಥ ಹೇಳುತ್ತಿದ್ದ. ದೊರೆಸಾನಿ ಮೊದಲು ತಲೆ ಎತ್ತಿದಳು. ಆಮೇಲೆ ಸೆರಗಿನಂಥ ತನ್ನ ಮೇಲುಹೊದಿಕೆಯಿಂದ ಮುಖ ಮುಚ್ಚಿಕೊಂಡು ಎದ್ದು ಒಳಗೆ ಹೋದಳು.

ದೊರೆಯ ನಗು ಮಾಯವಾಗಿತ್ತು.

"ಚೆನ್ನಾಗಿದೆ," ಎಂದ. "ಒಂದು ಹುಡುಗಿ ಕಟ್ಟಿದ್ದು ಅಂತ ನಂಬಲಾಗದಷ್ಟು ಚೆನ್ನಾಗಿದೆ. ಇದನ್ನೂ ನಿನ್ನ ಅಣ್ಣನೇ ಮುಂಚೆ ಕಲಿಸಿರಬೇಕು. ಗಿಳಿ ಹೇಳಿಕೊಟ್ಟದ್ದನ್ನು ಚೆನ್ನಾಗಿ ಒಪ್ಪಿಸುತ್ತದೆ. ಹೋಗು."

"ಇಲ್ಲ ದೊರೆ, ನಿಜವಾಗಿಯೂ..."

ಆಳುಗಳು ಅವಳನ್ನು ಎಳೆದು ಬಾಗಿಲಾಚೆ ಬಿಟ್ಟರು.

ಸೌರಾ ಗುರುವಿನ ಮನೆಗೆ ವಾಪಸು ಬಂದಳು.

"ನಿಜ ಹೇಳಿದೆಯಾ?" ಎಂದು ಎಲಿಸೆಂದಾ ಕೇಳಿದಳು.

"ಹೇಳಿದೆ."

"ಹಾಡಿದೆಯಾ?"

"ಹಾಡಿದೆ. ಅಷ್ಟು ಚೆನ್ನಾಗಿ ಯಾವತ್ತೂ ಹಾಡಿಲ್ಲ. ಅದಕ್ಕೇ ನಂಬಲಿಲ್ಲ. ಕೆಟ್ಟದಾಗಿ ಹಾಡಿದ್ದರೂ ನಂಬುತ್ತಿರಲಿಲ್ಲ. ಇನ್ನೇನು ಮಾಡಬೇಕಿತ್ತು ನಾನು?"

ಎಲಿಸೆಂದಾ ಒಲೆಯ ಮೇಲಿದ್ದ ಗಂಜಿಯನ್ನು ಬಟ್ಟಲಿಗೆ ಸುರಿದು ಅವಳ ಮುಂದಿಟ್ಟಳು. ಸೌರಾ ಮುಟ್ಟಲಿಲ್ಲ. ಗುರು ಎದುರಿಗೆ ನೆಲದ ಮೇಲೆ ಕೂತಳು, ಶಿಷ್ಯೆ ಕೂರುವ ಜಾಗದಲ್ಲಿ.

"ಆ ವಿಧವೆಯ ಹಾಡು ನನಗೆ ಕಲಿಸು," ಎಂದಳು.

"ಈಗಲಾ?"

"ಈಗಲೇ. ಒಂದು ನುಡಿಯೂ ಬಿಡದೆ."

ಸೌರಾ ಹೇಳಿಕೊಟ್ಟಳು. ಎಲಿಸೆಂದಾ ಅದರಂತೆ ಹೇಳಿದಳು. ಅವಳ ನೆನಪು ಮೊದಲಿನ ಹಾಗಿರಲಿಲ್ಲ. ಅಲ್ಲಲ್ಲಿ ಮರೆಯುತ್ತಿದ್ದಳು.

"ಅಲ್ಲಿ 'ಕೇಳು' ಅಂತ ಇಲ್ಲ ಅಮ್ಮಾ. 'ಕೇಳಿದೆಯಲ್ಲ' ಅಂತ."

"ಹೌದು. ಅದೇ ಸರಿ. ಮತ್ತೆ ಹೇಳು."

ಮುದುಕಿ ಮಗುವಿನ ಹಾಗೆ ತಲೆಯಾಡಿಸುತ್ತಾ ಒಪ್ಪಿಸಿದಳು. ಬಾವಿಯ ಮಾತು ಬಂದಾಗ ಅವಳ ದನಿ ಒಡೆಯಿತು. ಸುಧಾರಿಸಿಕೊಂಡು ಮುಂದೆ ಹೋದಳು. ಕೊನೆಗೆ ತಪ್ಪಿಲ್ಲದೆ ಪೂರ್ತಿ ಬಂತು.

ಆಗ ಎದ್ದು ಪೆಟ್ಟಿಗೆಯಿಂದ ಹಳೆಯ ನೀಲಿ ಉಡುಪನ್ನು ತೆಗೆದು ಉಟ್ಟಳು. ಅದು ಈಗ ಅವಳಿಗೆ ದೊಡ್ಡದಾಗಿತ್ತು. ಸೊಂಟಕ್ಕೆ ಹಗ್ಗ ಬಿಗಿದುಕೊಂಡಳು.

ಸೌರಾಳಿಗೆ ತಟ್ಟನೆ ಹೊಳೆಯಿತು. ಬಾಗಿಲಿಗೆ ಅಡ್ಡ ನಿಂತಳು.

"ಬೇಡ. ಅಮ್ಮಾ, ಬೇಡ."

"ದಾರಿ ಬಿಡು."

"ಅದು ನನ್ನ ಹಾಡು!"

"ಗೊತ್ತು," ಎಂದಳು ಎಲಿಸೆಂದಾ. "ಕಲಿಯಲು ಎಷ್ಟು ಕಷ್ಟವಾಯಿತು ನೋಡಿದೆಯಲ್ಲ."

ಕೋಟೆಯ ಬಾಗಿಲಲ್ಲಿ ಯಾರೂ ಅವಳನ್ನು ತಡೆಯಲಿಲ್ಲ. ಹಳೆಯ ಆಳುಗಳು ಕೆಲವರು ಇನ್ನೂ ಅಲ್ಲೇ ಇದ್ದರು. ಅವಳನ್ನು ನೋಡಿ ತಲೆ ತಗ್ಗಿಸಿದರು. ಅವಳು ಅಂಗಳದ ಬಾವಿಯ ಪಕ್ಕದಲ್ಲಿ ಹಾದು, ತಿರುಗಿ ನೋಡದೆ ಒಳಗೆ ಹೋದಳು. ಸೌರಾ ಹಿಂದೆಯೇ ಓಡಿದಳು.

ದೊರೆ ಅದೇ ಪೀಠದ ಮೇಲಿದ್ದ.

"ಯಾರೇ ನೀನು?" ಎಂದು ಪಾದ್ರಿಯ ಮೂಲಕ ಕೇಳಿಸಿದ.

ಯಾರೋ ಹಿಂದಿನಿಂದ ಉಸಿರು ಒಳಗೆಳೆದುಕೊಂಡರು. ಹಾಡು ಗೊತ್ತಿದ್ದವರಿಗೆಲ್ಲ ಆ ಪ್ರಶ್ನೆಯೂ ಗೊತ್ತಿತ್ತು.

"ನೀನು ಕೂತಿರುವುದು ನನ್ನ ಗಂಡನ ಪೀಠ," ಎಂದಳು ಎಲಿಸೆಂದಾ. "ಆ ಹಾಡು ನನ್ನದು."

ದೊರೆ ನಗಲಿಲ್ಲ. "ಆ ಹುಡುಗ ತನ್ನದು ಅಂದ."

"ಹಾಡುಗಾರ ಹುಡುಗ. ಚಪ್ಪಾಳೆಯ ಆಸೆ. ಅಷ್ಟು ಯೋಗ್ಯತೆ ಅವನಿಗಿಲ್ಲ."

"ಈ ಹುಡುಗಿಯೂ ತನ್ನದು ಅಂದಳು."

"ಅಣ್ಣನನ್ನು ಉಳಿಸಿಕೊಳ್ಳಲು ಯಾರಾದರೂ ಏನಾದರೂ ಹೇಳುತ್ತಾರೆ."

"ಸುಳ್ಳು!" ಎಂದು ಸೌರಾ ಕಿರುಚಿದಳು. "ಇವರು ಹೇಳುತ್ತಿರುವುದು ಸುಳ್ಳು! ಇವತ್ತು ಮಧ್ಯಾಹ್ನ ನಾನೇ ಇವರಿಗೆ ಕಲಿಸಿದೆ!"

ಸಭೆಯಲ್ಲಿ ನಗುವಿನ ಅಲೆಯೊಂದು ಎದ್ದಿತು. ಶಿಷ್ಯೆ ಗುರುವಿಗೆ ಕಲಿಸಿದಳಂತೆ.

ಎಲಿಸೆಂದಾ ಆ ನಗು ನಿಲ್ಲುವವರೆಗೂ ಕಾದಳು. ಆಮೇಲೆ ಹಾಡನ್ನು ಮೊದಲಿನಿಂದ ಕೊನೆಯವರೆಗೆ ಹೇಳಿದಳು. ರಾಗವಿಲ್ಲದೆ, ಬರೀ ಮಾತಿನಲ್ಲಿ, ದೊರೆಯ ಮುಖ ನೋಡುತ್ತಾ. ಪಾದ್ರಿಗೆ ಅರ್ಥ ಹೇಳುವ ಧೈರ್ಯವಾಗಲಿಲ್ಲ. ಹೇಳುವ ಅಗತ್ಯವೂ ಇರಲಿಲ್ಲ.

ದೊರೆ ನಂಬಿದ. ಆ ಹಾಡನ್ನು ಇನ್ನು ಯಾರು ತಾನೇ ಕಟ್ಟಲು ಸಾಧ್ಯ ಎಂದು ಎಲ್ಲರೂ ನಂಬಿದರು.

ಕೋಟೆಯ ಹಳೆಯ ಒಡತಿಯನ್ನು ನೇಣಿಗೆ ಹಾಕಿದರೆ ಸೀಮೆ ಎದ್ದು ನಿಲ್ಲಬಹುದೆಂಬ ಭಯ ದೊರೆಗಿತ್ತು. ದೊರೆಸಾನಿಯೂ ಅಡ್ಡ ಬಂದಳಂತೆ. ತನ್ನ ತವರಿನ ಹತ್ತಿರ ಸನ್ಯಾಸಿನಿಯರ ಮಠವೊಂದಿದೆ, ಅಲ್ಲಿಗೆ ಕಳಿಸಿ, ಜೀವ ತೆಗೆಯಬೇಡಿ ಎಂದು ಬೇಡಿಕೊಂಡಳಂತೆ. ಅವಳು ಒಳ್ಳೆಯ ಮನಸ್ಸಿನಿಂದಲೇ ಕೇಳಿದ್ದು. ಆ ಮಠ ಉತ್ತರದ ತುದಿಯಲ್ಲಿತ್ತು. ದಕ್ಷಿಣದ ಮಾತು ಬಲ್ಲವರು ಅಲ್ಲಿ ಒಬ್ಬರೂ ಇರಲಿಲ್ಲ. ಒಳಗೆ ಹೋದವರು ಹೊರಗೆ ಬರುವಂತಿರಲಿಲ್ಲ.

ಐಮೆರಿಯನ್ನು ಬಿಟ್ಟರು. ಅವನ ಎರಡು ಕೈಗಳಿಗೂ ಬಟ್ಟೆ ಸುತ್ತಿತ್ತು. ಬೆರಳುಗಳನ್ನು ಮುರಿದಿದ್ದರು.

ಸೌರಾ ಅವನಿಗೆ ಗಂಜಿ ಕುಡಿಸಿದಳು. ಅವನು ಕುಡಿದ. ಬಟ್ಟಲು ಖಾಲಿಯಾದ ಮೇಲೆ ಕೇಳಿದ:

"ನಾನು ಕಳ್ಳ ಅಂದೆಯಲ್ಲ, ಈಗಲೂ ಹಾಗೇ ಅನ್ನಿಸುತ್ತದಾ?"

ಅವಳು ಅವನ ಎದೆಗೆ ತಲೆ ಒತ್ತಿ ಅತ್ತಳು. ಅವನಿಗೆ ಅವಳ ಬೆನ್ನು ಸವರಲು ಆಗುತ್ತಿರಲಿಲ್ಲ. ಗದ್ದವನ್ನು ಅವಳ ನೆತ್ತಿಯ ಮೇಲೆ ಊರಿ ಕೂತ. ಆಮೇಲೆ ಅವನು ಬದುಕಿದ್ದ ತನಕ ಯಾರ ಮುಂದೆಯೂ ಹಾಡಲಿಲ್ಲ.

ಎಲಿಸೆಂದಾಳನ್ನು ಕರೆದೊಯ್ಯುವ ದೋಣಿ ನದಿಯ ದಂಡೆಗೆ ಬಂತು. ಊರವರು ದೂರದಲ್ಲಿ ನಿಂತಿದ್ದರು. ಹತ್ತಿರ ಬರಲು ಹೆದರಿಕೆ. ಹೆಂಗಸರು ಕೆಲವರು ಬಾಯಿ ತೆರೆಯದೆ, ಗಂಟಲಲ್ಲೇ ಆ ಹಾಡಿನ ರಾಗ ಎಳೆಯುತ್ತಿದ್ದರು. ಅವರ ಮಟ್ಟಿಗೆ ಅದು ಆಗಲೇ ಎಲಿಸೆಂದಾಳ ಹಾಡಾಗಿತ್ತು.

ಕಾವಲಿನವರು ಮಾತಾಡಲು ಸ್ವಲ್ಪ ಹೊತ್ತು ಬಿಟ್ಟರು.

ಸೌರಾ ಗುರುವಿನ ಕಾಲ ಬಳಿ ಮರಳಿನ ಮೇಲೆ ಕೂತಳು. ಸಿಟ್ಟೇ ಮೊದಲು ಬಂತು.

"ಸುಳ್ಳು ಹಾಡಬೇಡ ಅಂತ ಬಾಯಿ ಮುಚ್ಚಿ ಕಲಿಸಿದವರು ನೀವು. ಅಷ್ಟು ಜನರ ಮುಂದೆ ನೀವೇ ಸುಳ್ಳು ಹೇಳಿದಿರಿ."

"ಹೇಳಿದೆ," ಎಂದಳು ಎಲಿಸೆಂದಾ. "ಹಾಡಲಿಲ್ಲ."

"ನಾನು ನಿಜ ಹೇಳಿದರೆ ನಕ್ಕರು."

"ಹೌದು."

"ನಾಳೆಯೂ ನಗುತ್ತಾರೆ."

"ನಗುತ್ತಾರೆ."

ದೋಣಿಯವನು ಹಗ್ಗ ಬಿಚ್ಚತೊಡಗಿದ. ಸೌರಾ ಗುರುವಿನ ಉಡುಪಿನ ಅಂಚನ್ನು ಮುಷ್ಟಿಯಲ್ಲಿ ಹಿಡಿದುಕೊಂಡಳು.

"ಅಲ್ಲಿ ಯಾರ ಜೊತೆ ಮಾತಾಡುತ್ತೀರಿ ಅಮ್ಮಾ?"

ಎಲಿಸೆಂದಾ ನದಿಯ ಕಡೆ ನೋಡಿದಳು. ಅವಳ ಗದ್ದ ಸ್ವಲ್ಪ ನಡುಗುತ್ತಿತ್ತು. ಅವಳಿಗೂ ಭಯವಾಗಿದೆ ಎಂದು ಸೌರಾಳಿಗೆ ಆಗಲೇ ತಿಳಿದದ್ದು.

"ನಾನಿನ್ನು ಹಾಡು ಕಟ್ಟುವುದಿಲ್ಲ," ಎಂದಳು ಸೌರಾ. "ಕಟ್ಟಿದ ಒಂದು ಹಾಡು ಅಣ್ಣನ ಕೈ ಮುರಿಯಿತು. ನಿಮ್ಮನ್ನು ಊರು ಬಿಡಿಸಿತು. ಅದೂ ಈಗ ನನ್ನದಲ್ಲ. ಇನ್ನೇನು ಉಳಿದಿದೆ ಅಂತ ಕಟ್ಟಲಿ?"

ಎಲಿಸೆಂದಾ ಬಗ್ಗಿ ಶಿಷ್ಯೆಯ ಮುಷ್ಟಿಯನ್ನು ಒಂದೊಂದೇ ಬೆರಳಾಗಿ ಬಿಡಿಸಿದಳು. ದೋಣಿ ಹತ್ತಿ ಕೂತಳು. ದೋಣಿ ದಂಡೆ ಬಿಟ್ಟ ಮೇಲೆ ಅವಳ ಮಾತು ನೀರಿನ ಮೇಲಿಂದ ತೇಲಿ ಬಂತು:

"ಮುಂದಿನ ಹಾಡನ್ನು ನೋಡಿಕೊಂಡು ಕಟ್ಟು ಮಗಳೇ. ಅದನ್ನು ನನ್ನದು ಅನ್ನಲು ನಾನಿರುವುದಿಲ್ಲ."